ರೋಪಿನಿರೋಲೋ, ಪ್ರಮಿಪೆಕ್ಸೋಲೋ? ನನ್ನ ಕಾಲಿನ ಲೆಕ್ಕ

ಹಾಸಿಗೆಗೆ ಬಿದ್ದ ಅರ್ಧ ಗಂಟೆಗೆ ಮೀನಖಂಡದೊಳಗೆ ಇರುವೆ ಸಾಲು ಹೊರಡುತ್ತಿತ್ತು. ನೋವಲ್ಲ, ಸೆಳೆತವೂ ಅಲ್ಲ. ಎದ್ದು ಓಡಾಡಿದರೆ ಮಾಯ, ಮಲಗಿದರೆ ಮತ್ತೆ ಹಾಜರು. ನರರೋಗ ತಜ್ಞರು 'ರೆಸ್ಟ್‌ಲೆಸ್ ಲೆಗ್ಸ್' ಅಂದರು. ಅದಕ್ಕಾಗಿ ಎರಡು ಮಾತ್ರೆಗಳನ್ನು ಒಂದಾದ ಮೇಲೊಂದು ನುಂಗಿದ್ದೇನೆ.

ಎರಡೂ ಒಂದೇ ಮನೆತನದವು, ಪಾರ್ಕಿನ್ಸನ್ ಕಾಯಿಲೆಗೂ ಕೊಡುವಂಥವು. ಮಿದುಳಿನ ಸಂದೇಶ ಸಾಗಿಸುವ ರಾಸಾಯನಿಕ ಡೋಪಮೈನ್ ಕೂರಬೇಕಾದ ಜಾಗದಲ್ಲಿ ತಾವು ಕೂತು ಅದರ ಕೆಲಸ ಮಾಡುವ ಕೃತಕ ಅಣುಗಳು. ಆ ಜಾಗಗಳಿಗೆ ಗ್ರಾಹಕ ಅಂತ ಹೆಸರು; ಇವು ಮುಖ್ಯವಾಗಿ ಡಿ2, ಡಿ3 ಎಂಬ ಬಗೆಗಳ ಕದ ತಟ್ಟುತ್ತವೆ. ಪ್ರಮಿಪೆಕ್ಸೋಲ್‌ಗೆ ಡಿ3 ಮೇಲೆ ಒಲವು ಜಾಸ್ತಿ.

ಮೊದಲು ರೋಪಿನಿರೋಲ್, 0.25 ಮಿ.ಗ್ರಾಂ. ಕಾಲು ಸುಮ್ಮನಾಯಿತು, ಹೊಟ್ಟೆ ತೊಳಸತೊಡಗಿತು. ಊಟವಾದ ಮೇಲೆ ತೆಗೆದುಕೊಂಡರೆ ಪರವಾಗಿಲ್ಲ. ಮೆಡಿಕಲ್ ಶಾಪಿನವನು ವಾಕರಿಕೆಗೆ ಮೆಟೊಕ್ಲೋಪ್ರಮೈಡ್ ಕೊಟ್ಟಿದ್ದ. ಡಾಕ್ಟರು ಬೈದು ಬಿಡಿಸಿದರು: ಅದು ಮಿದುಳಿನಲ್ಲಿ ಡೋಪಮೈನನ್ನೇ ತಡೆಯುತ್ತದೆ, ಕಾಲಿನ ಕಾಟ ಹೆಚ್ಚುತ್ತದೆ. ಬದಲಿಗೆ ಮಿದುಳಿಗೆ ಅಷ್ಟಾಗಿ ಹೋಗದ ಡೊಂಪೆರಿಡೋನ್ ಬಂತು. ಆದರೆ ರೋಪಿನಿರೋಲ್‌ನ ಅರ್ಧಾಯುಷ್ಯ, ಅಂದರೆ ರಕ್ತದಲ್ಲಿ ಅದರ ಪ್ರಮಾಣ ಅರ್ಧಕ್ಕಿಳಿಯುವ ಹೊತ್ತು, ಸುಮಾರು 6 ಗಂಟೆ. ಬೆಳಗಿನ ಜಾವ 4ಕ್ಕೆ ಇರುವೆಗಳು ವಾಪಸ್.

ಪ್ರಮಿಪೆಕ್ಸೋಲ್ 0.125 ಮಿ.ಗ್ರಾಂ, ಮಲಗುವ ಎರಡು ಗಂಟೆ ಮೊದಲು. ಇದು ಹೆಚ್ಚುಕಮ್ಮಿ ಹಾಗೇ ಮೂತ್ರದಲ್ಲಿ ಹೊರಹೋಗುವುದರಿಂದ ಮೊದಲು ಮೂತ್ರಪಿಂಡದ ಕೆಲಸ ತಿಳಿಸುವ ಕ್ರಿಯಾಟಿನಿನ್ ನೋಡಿದರು. ರೋಪಿನಿರೋಲ್ ಕರಗುವುದು ಯಕೃತ್ತಿನಲ್ಲಿ. ಮೊದಲ ವಾರವೇ ಹಾಲಿನವನು ಬೆಲ್ ಒತ್ತುವವರೆಗೂ ನಿದ್ದೆ! ನಿದ್ದೆಯ ಮಟ್ಟಿಗೆ ಗೆಲುವು ಇದರದ್ದೇ, ಅನುಮಾನವಿಲ್ಲ.

ಆಮೇಲೆ ಮನೆಗೆ ಸೀರೆ ಕೊರಿಯರ್‌ಗಳು ಬರತೊಡಗಿದವು. ರಾತ್ರಿ ಫೋನ್ ಹಿಡಿದು ಕೊಂಡವಳು ನಾನೇ. "ಅಮ್ಮಾ, ಈ ತಿಂಗಳಲ್ಲಿ ಇದು ಒಂಬತ್ತನೆಯದು" ಎಂದು ಮಗಳು ಎಣಿಸಿ ಹೇಳಿದಾಗಲೇ ಎಚ್ಚರವಾಗಿದ್ದು. ಖರೀದಿ, ಜೂಜಿನ ಹುಚ್ಚು ಈ ಔಷಧಗಳ ಗೊತ್ತಿರುವ ಅಡ್ಡಪರಿಣಾಮ. ರೋಪಿನಿರೋಲ್‌ಗೂ ಇದೆ, ನನಗೆ ಕಾಣಿಸಲಿಲ್ಲ ಅಷ್ಟೆ.

ಒಂದೂವರೆ ವರ್ಷಕ್ಕೆ ಇನ್ನೊಂದು ವರಸೆ: ಕಾಟ ಸಂಜೆ 5ಕ್ಕೇ ಶುರು, ಕೈಗೂ ಹಬ್ಬಿತು. ಔಷಧದಿಂದಲೇ ಕಾಟ ಹೀಗೆ ಹೆಚ್ಚುವುದಕ್ಕೆ ಆಗ್ಮೆಂಟೇಶನ್ ಅನ್ನುತ್ತಾರೆ. ಡೋಸ್ ಏರಿಸಿದರೆ ಬೆಂಕಿಗೆ ತುಪ್ಪ. ಆಗ ಮೈಯಲ್ಲಿನ ಕಬ್ಬಿಣದ ದಾಸ್ತಾನು ತಿಳಿಸುವ ಫೆರಿಟಿನ್ ನೋಡಿದರೆ 31. ಈ ಕಾಯಿಲೆಯಲ್ಲಿ 75ಕ್ಕಿಂತ ಕಡಿಮೆ ಇದ್ದರೆ ಕಬ್ಬಿಣಾಂಶ ಕೊಡುವುದು ರೂಢಿಯಂತೆ. ಈ ಪರೀಕ್ಷೆ ಮೊದಲೇ ಆಗಬೇಕಿತ್ತು ಎಂಬ ಸಿಟ್ಟು ನನಗಿನ್ನೂ ಇಳಿದಿಲ್ಲ.

ಇವೆರಡರಲ್ಲೇ ಆರಿಸು ಅಂದರೆ ನಾನು ರೋಪಿನಿರೋಲ್ ಕಡೆ. ಮುಕ್ಕಾಲು ರಾತ್ರಿಯ ನಿದ್ದೆ ಸಾಕು, ಸೀರೆ ಬೇಡ. ಸದ್ಯಕ್ಕೆ ಕಬ್ಬಿಣದ ಮಾತ್ರೆ, ಬೇರೆ ಮನೆತನದ ನರಗಳ ಔಷಧ ಗ್ಯಾಬಪೆಂಟಿನ್ ನಡೆದಿದೆ. ಪ್ರಮಿಪೆಕ್ಸೋಲನ್ನು ಥಟ್ಟನೆ ನಿಲ್ಲಿಸುವಂತಿಲ್ಲ, ಚೂರುಚೂರೇ ಇಳಿಸುತ್ತಿದ್ದಾರೆ. ಇಳಿಸಿದ ಪ್ರತಿ ವಾರವೂ ರಾತ್ರಿ ಎರಡಕ್ಕೆ ಹಜಾರದಲ್ಲಿ ನನ್ನ ವಾಕಿಂಗ್.