ಮೇಲಿನ ಪ್ಲಾನ್‌ಗೆ ಏರಿದ ಸರ್ವರ್: ಎರಡು ಸೀಸನ್ ಬಳಸಿದ ಮೇಲೆ

ನಮ್ಮದು ಕನ್ನಡ ಪುಸ್ತಕ ಮಾರುವ ಪುಟ್ಟ ಆನ್‌ಲೈನ್ ಅಂಗಡಿ. 2 ಜಿಬಿ ರ‍್ಯಾಮಿನ ಕ್ಲೌಡ್ ಸರ್ವರ್‌ನಲ್ಲಿ ವರ್ಷವೆಲ್ಲ ಹೇಗೋ ಸಾಗುತ್ತದೆ, ನವೆಂಬರ್ ಬಂತೆಂದರೆ ಫಜೀತಿ. ರಾಜ್ಯೋತ್ಸವದ ರಿಯಾಯಿತಿಗೆ ಜನ ಮುಗಿಬಿದ್ದಾಗ ರ‍್ಯಾಮ್ ಸಾಲದೆ ಸರ್ವರ್ ನಡೆಸುವ ಲಿನಕ್ಸ್ ತಾನೇ, ಅಂಗಡಿಯ ಮಾಹಿತಿ ಇಡುವ ಡೇಟಾಬೇಸ್ ಮೈಎಸ್‌ಕ್ಯುಎಲ್ ಅನ್ನು ಕೊಂದು ಹಾಕುತ್ತದೆ. ಗಿರಾಕಿಗೆ ಕಾಣುವುದು ಬರೀ ಎರರ್ ಪುಟ.

ಹಾಗಾಗಿ 4 ಜಿಬಿಗೆ ಏರಿದೆವು. ಸಿಪಿಯು, ರ‍್ಯಾಮ್ ಮಾತ್ರ ಹೆಚ್ಚಿಸಿಕೊಂಡರೆ ಮುಂದೆ ಇಳಿಯಲೂಬಹುದು. ಡಿಸ್ಕನ್ನೂ ಹಿಗ್ಗಿಸಿದಿರೋ, ಅಲ್ಲಿಗೆ ಮುಗಿಯಿತು, ಹಿಗ್ಗಿದ ಡಿಸ್ಕನ್ನು ಕುಗ್ಗಿಸಿ ಕೊಡುವುದಿಲ್ಲ. ನಮ್ಮ ಡಿಸ್ಕ್ ಅರ್ಧವೂ ತುಂಬಿರಲಿಲ್ಲ, ಹಾಗಾಗಿ ಅದರ ತಂಟೆಗೆ ಹೋಗಲಿಲ್ಲ.

ರಾತ್ರಿ ಕೊರಿಯರ್ ಚೀಟಿಗಳನ್ನೆಲ್ಲ ಪ್ರಿಂಟ್ ತೆಗೆದು, ಸರ್ವರ್‌ನ ಪೂರ್ತಿ ನಕಲು, ಅಂದರೆ ಸ್ನ್ಯಾಪ್‌ಶಾಟ್, ಹಿಡಿದು, ಸರ್ವರ್ ಆಫ್ ಮಾಡಿ, ಪರದೆಯ ಮೇಲೆ ಆ ನೀಲಿ ಪಟ್ಟಿ ತೆವಳುವುದನ್ನು ನೋಡುತ್ತಾ ಕೂರಬೇಕು. ಸರ್ವರ್ ಎದ್ದ ಕೂಡಲೇ ಮೆಮೊರಿ ಎಷ್ಟಿದೆ ಎಂದು ತೋರಿಸುವ ‘ಫ್ರೀ -ಎಚ್’ ಆದೇಶ ಹೊಡೆದು 3.8 ಎಂಬ ಅಂಕಿ ನೋಡುವ ಖುಷಿಯೇ ಬೇರೆ. ಐಪಿ (ಸರ್ವರ್‌ನ ವಿಳಾಸದ ಸಂಖ್ಯೆ) ಅದೇ, ಡೊಮೇನ್‌ನಲ್ಲಿ ಏನೂ ಮುಟ್ಟಬೇಕಿಲ್ಲ. ಆದರೆ ರ‍್ಯಾಮ್ ಬಂದದ್ದು ಮೈಎಸ್‌ಕ್ಯುಎಲ್‌ಗೆ ತಾನಾಗಿ ತಿಳಿಯುವುದಿಲ್ಲ. ನೀವು ಮುಟ್ಟದಿದ್ದರೆ ಮಾಹಿತಿಯನ್ನು ಕೈಗೆಟುಕುವಂತೆ ಮೆಮೊರಿಯಲ್ಲಿ ಇಟ್ಟುಕೊಳ್ಳುವ ಅದರ ಇನ್ನೋಡಿಬಿ ಬಫರ್ ಪೂಲ್ ಮೊದಲಿನ 128 ಎಂಬಿಯಲ್ಲೇ ಕೂತಿರುತ್ತದೆ. ಅದನ್ನು 1.5 ಜಿಬಿಗೆ ಏರಿಸಿದ ಮೇಲೆ ನೋಡಿ, ‘ಮಕ್ಕಳ ಕಥೆ’ ಎಂದು ಹುಡುಕಿದರೆ ಎಂಟರ್ ಒತ್ತಿದ ಬೆರಳು ಎತ್ತುವಷ್ಟರಲ್ಲಿ ಪುಸ್ತಕಗಳ ಸಾಲು ಮುಂದಿತ್ತು. ಆ ನವೆಂಬರ್‌ನಲ್ಲಿ ಸರ್ವರ್ ಒಮ್ಮೆಯೂ ಮಲಗಲಿಲ್ಲ. ಡಿಸೆಂಬರ್‌ನಲ್ಲಿ ಮತ್ತೆ 2 ಜಿಬಿಗೆ ಇಳಿದು ದುಡ್ಡು ಉಳಿಸಿದೆವು. ಆಗ ಯಾರಾದರೂ ಕೇಳಿದ್ದರೆ ಐದಕ್ಕೆ ಐದು ಕೊಡುತ್ತಿದ್ದೆ.

ಮರುವರ್ಷ ಅಕ್ಟೋಬರ್ ಕೊನೆಗೆ ಅದೇ ಪೂಜೆ. ಸರ್ವರ್ ಆಫ್ ಮಾಡಿ, ಪ್ಲಾನ್ ಆರಿಸಿ ಒತ್ತಿದರೆ ‘ಈ ಗಾತ್ರ ಇಲ್ಲಿ ಸದ್ಯಕ್ಕೆ ಲಭ್ಯವಿಲ್ಲ’ ಎಂಬ ಉತ್ತರ! ಕ್ಲೌಡ್ ಅಂದರೂ ಕೊನೆಗೆ ಅದು ಎಲ್ಲೋ ಇರುವ ಕಬ್ಬಿಣದ ರ‍್ಯಾಕ್ ತಾನೇ, ಜಾಗ ತುಂಬಿದರೆ ತುಂಬಿತು. ಅದು ಅರ್ಥವಾಗುತ್ತದೆ. ಸರ್ವರ್ ಆಫ್ ಮಾಡಿಸುವ ಮೊದಲೇ ಹೇಳಲು ಏನಾಗಿತ್ತು? ಸಪೋರ್ಟ್‌ನವರು ಬೇರೆ ಊರಿನ ಡೇಟಾ ಸೆಂಟರ್‌ಗೆ ಹೋಗಿ ಅಂದರು. ಹೋದರೆ ಹೊಸ ಐಪಿ, ಡೊಮೇನ್ ಹೆಸರನ್ನು ಆ ಐಪಿಗೆ ಜೋಡಿಸುವ ಡಿಎನ್‌ಎಸ್‌ನಲ್ಲಿ ಬದಲಾವಣೆ, ಅದೂ ಸೇಲ್‌ನ ಮುನ್ನಾದಿನ. ದೇವರು ವರ ಕೊಟ್ಟರೂ ಪೂಜಾರಿ ಕೊಡ ಅನ್ನುವುದು ಇದಕ್ಕೇ. ಕೊನೆಗೆ ಖಾಲಿ ಇದ್ದ 8 ಜಿಬಿಗೆ ಹೋದೆವು: ದುಪ್ಪಟ್ಟು ಬಾಡಿಗೆ, ಮೇಲೆ 18% ಜಿಎಸ್‌ಟಿ. ಅಂದಹಾಗೆ, ಆಫ್ ಆಗಿ ಕೂತಿದ್ದ ಹೊತ್ತಿಗೂ ಬಿಲ್ ಹಾಕಿದ್ದಾರೆ.

ವರ್ಷವಿಡೀ ದೊಡ್ಡ ಪ್ಲಾನ್‌ನಲ್ಲೇ ಇರುವಷ್ಟು ವ್ಯಾಪಾರವಿದ್ದರೆ ಧಾರಾಳವಾಗಿ ಏರಿ, ಸರ್ವರ್ ಬಗ್ಗೆ ನನ್ನ ದೂರಿಲ್ಲ. ನಮ್ಮಂತೆ ಸೀಸನ್‌ಗಷ್ಟೇ ಬೇಕು ಅನ್ನುವವರು ಸೆಪ್ಟೆಂಬರ್‌ನಲ್ಲೇ ಏರಿ ಜಾಗ ಹಿಡಿದುಕೊಳ್ಳಿ, ಆ ತಿಂಗಳ ಬಾಡಿಗೆ ದಂಡ ಅಂದುಕೊಳ್ಳಿ. ನನ್ನ ಲೆಕ್ಕದಲ್ಲಿ ಐದಕ್ಕೆ ಮೂರು.