ಡ್ರೈಯರ್ ಅವರ ಎನ್‌ಜಿಸಿ ಪಟ್ಟಿ: ಒಂಬತ್ತು ವರ್ಷಗಳ ಬಳಕೆಯ ನಂತರ

ದೂರದರ್ಶಕಗಳ ಬಗೆಗಿನ ವಿಮರ್ಶೆಗಳು ಬೇಕಾದಷ್ಟು ಸಿಗುತ್ತವೆ. ಆದರೆ ಅದನ್ನು ಯಾವುದರ ಕಡೆಗೆ ತಿರುಗಿಸಬೇಕೆಂದು ಹೇಳುವ ಪಟ್ಟಿಯನ್ನು ಯಾರೂ ಬಳಕೆದಾರರ ಕಣ್ಣಿನಿಂದ ಅಳೆದಂತಿಲ್ಲ. ಜೆ. ಎಲ್. ಇ. ಡ್ರೈಯರ್ ಅವರು ಆರ್ಮಾ ವೀಕ್ಷಣಾಲಯದಲ್ಲಿದ್ದಾಗ ಸಿದ್ಧಪಡಿಸಿ 1888ರಲ್ಲಿ ಪ್ರಕಟಿಸಿದ ‘ನ್ಯೂ ಜನರಲ್ ಕ್ಯಾಟಲಾಗ್’ ಅನ್ನು, ಅಂದರೆ ಗೆಲಾಕ್ಸಿ, ನೀಹಾರಿಕೆ, ನಕ್ಷತ್ರಗುಚ್ಛಗಳ 7,840 ನಮೂದುಗಳಿರುವ ಎನ್‌ಜಿಸಿಯನ್ನು, ನಾನು ಒಂಬತ್ತು ವರ್ಷಗಳಿಂದ 8 ಇಂಚಿನ ಡಾಬ್ಸೋನಿಯನ್ (ಸರಳ ಪೀಠದ ಮೇಲೆ ಕೈಯಿಂದ ತಿರುಗಿಸುವ, ಕನ್ನಡಿಯ) ದೂರದರ್ಶಕದೊಂದಿಗೆ ಬಳಸುತ್ತಿದ್ದೇನೆ. ನೂರು ಚಿಲ್ಲರೆ ಪ್ರಕಾಶಮಾನ ವಸ್ತುಗಳಷ್ಟೇ ಇರುವ ಮೆಸ್ಸಿಯೆ ಪಟ್ಟಿಯನ್ನು ಮುಗಿಸಲು ನನಗೆ ಎರಡು ವರ್ಷ ಹಿಡಿಯಿತು. ಎನ್‌ಜಿಸಿಯನ್ನು ಮುಗಿಸುವ ಆಸೆಯನ್ನು ಮೊದಲ ಚಳಿಗಾಲದಲ್ಲೇ ಬಿಟ್ಟೆ.

ಈ ಪಟ್ಟಿಯಲ್ಲಿ ನನಗೆ ಅತ್ಯಂತ ಉಪಯುಕ್ತವಾಗಿ ಕಂಡದ್ದು, ಬಹುತೇಕರು ಓದದೆ ದಾಟಿಹೋಗುವ ವಿವರಣೆಯ ಅಂಕಣ. ಅದು ಪೂರ್ತಿ ಇಂಗ್ಲಿಷ್ ಸಂಕ್ಷೇಪಾಕ್ಷರಗಳಲ್ಲಿದೆ. ‘ವಿಎಫ್, ಪಿಎಸ್, ಆರ್, ಜಿಬಿಎಂ’ ಎಂದಿದ್ದರೆ ಬಹಳ ಮಂಕು, ಸಾಕಷ್ಟು ಚಿಕ್ಕದು, ದುಂಡಗಿದೆ, ನಡುಭಾಗದತ್ತ ಕ್ರಮೇಣ ಪ್ರಕಾಶ ಹೆಚ್ಚುತ್ತದೆ ಎಂದರ್ಥ. ಇಂದಿನ ತಂತ್ರಾಂಶಗಳು ಕೊಡುವ ಕಾಂತಿಮಾನ (ಪ್ರಕಾಶದ ಅಳತೆ) ಇಡೀ ವಸ್ತುವಿನ ಬೆಳಕನ್ನು ಒಟ್ಟುಗೂಡಿಸಿದ ಸಂಖ್ಯೆಯಾದ್ದರಿಂದ, ಹರಡಿಕೊಂಡ ಗೆಲಾಕ್ಸಿಯೊಂದು ಕಣ್ಣಿಗೆ ಹೇಗೆ ಕಾಣುತ್ತದೆಂಬುದನ್ನು ಅದು ಹೇಳುವುದಿಲ್ಲ. ‘ಜಿಬಿಎಂ’ ಎಂಬ ಮೂರು ಅಕ್ಷರಗಳು ಹೇಳುತ್ತವೆ. ಐಪೀಸಿನಲ್ಲಿ (ಕಣ್ಣಿಟ್ಟು ನೋಡುವ ಮಸೂರದಲ್ಲಿ) ಏನೂ ಕಾಣದಿದ್ದಾಗ ದೃಷ್ಟಿಯನ್ನು ತುಸು ಪಕ್ಕಕ್ಕೆ ಸರಿಸಿ ಮಸುಕಾದ ಅಂಚಿಗಾಗಿ ಹುಡುಕಬೇಕೋ, ಸಣ್ಣ ಬೆಳಕಿನ ತಿರುಳಿಗಾಗಿ ಹುಡುಕಬೇಕೋ ಎಂಬುದನ್ನು ನಾನು ಕಲಿತದ್ದು ಈ ಅಂಕಣದಿಂದಲೇ. ರೂಢಿಯಾಗುವವರೆಗೆ ಗೊಂದಲ ತಪ್ಪಿದ್ದಲ್ಲ: ದೊಡ್ಡಕ್ಷರದ ‘ಎಫ್’ ಎಂದರೆ ಮಂಕು, ಸಣ್ಣಕ್ಷರದ ‘ಎಫ್’ ಎಂದರೆ ಆಕಾಶದಲ್ಲಿ ಹಿಂದಿನಿಂದ ಬರುವುದು, ‘ಪಿ’ ಒಂದು ಕಡೆ ‘ಸಾಕಷ್ಟು’ ಆದರೆ ಇನ್ನೊಂದು ಕಡೆ ‘ಮುಂದೆ ಸಾಗುವುದು’.

ಈ ವಿವರಣೆಗಳೆಲ್ಲ ಒಂದೇ ಕಣ್ಣಿನವಲ್ಲ ಎಂಬುದನ್ನು ಮಾತ್ರ ಮರೆಯಬಾರದು. ವಿಲಿಯಂ ಹರ್ಷಲ್ ಅವರು ಸುಮಾರು 18.7 ಇಂಚಿನ ಲೋಹದರ್ಪಣದಲ್ಲಿ ಕಂಡದ್ದನ್ನು ಹೇಳುತ್ತಾ ಹೋದಂತೆ ತಂಗಿ ಕ್ಯಾರೊಲೀನ್ ಬರೆದುಕೊಂಡ ಸುಮಾರು 2,500 ವಸ್ತುಗಳು, ಮಗ ಜಾನ್ ಹರ್ಷಲ್ 1834ರಿಂದ 1838ರವರೆಗೆ ದಕ್ಷಿಣ ಆಫ್ರಿಕಾದ ಕೇಪ್‌ನಲ್ಲಿ ನೆಲೆಸಿ ಕಲೆಹಾಕಿದ ದಕ್ಷಿಣಾಕಾಶದ ವಸ್ತುಗಳು, ಲಾರ್ಡ್ ರಾಸ್ ಅವರ 72 ಇಂಚಿನ ದೈತ್ಯ ಯಂತ್ರದಲ್ಲಿ ಕಂಡವು, ಕೋಪನ್‌ಹೇಗನ್ನಿನಲ್ಲಿ ಡಿ’ಅರೆಸ್ಟ್ 11 ಇಂಚಿನ ಮಸೂರದಲ್ಲಿ ಕಂಡವು, ಎಲ್ಲವೂ ಇಲ್ಲಿ ಒಂದೇ ಸಾಲಿನಲ್ಲಿ ನಿಂತಿವೆ. ಒಬ್ಬರಿಗೆ ‘ಪ್ರಕಾಶಮಾನ’ವಾದದ್ದು ನನ್ನ 8 ಇಂಚಿಗೆ ಕಾಣದೇ ಹೋಗಬಹುದು. ಆದ್ದರಿಂದ ಕಂಡುಹಿಡಿದವರು ಯಾರೆಂದು ತಿಳಿಸುವ ಅಂಕಣವನ್ನು ಮೊದಲು ನೋಡಿ, ಆಮೇಲೆ ವಿವರಣೆಯನ್ನು ಓದುವುದು ನನ್ನ ಅಭ್ಯಾಸ. ಹೆಸರು ರಾಸ್ ಅವರದಾಗಿದ್ದರೆ ನಿರೀಕ್ಷೆಯನ್ನು ಅರ್ಧಕ್ಕಿಳಿಸುತ್ತೇನೆ.

ಸ್ಥಾನಗಳ ವಿಷಯದಲ್ಲಿ ನಾನು ಚೆನ್ನಾಗಿಯೇ ಮೋಸಹೋದೆ. ಮೂಲ ಪಟ್ಟಿಯ ಮರುಮುದ್ರಣದಿಂದ ಹನ್ನೆರಡು ಗೆಲಾಕ್ಸಿಗಳ ಸ್ಥಾನಗಳನ್ನು 2000ನೇ ಇಸವಿಗೆ ಹೊಂದಿಸಿದ ನಕ್ಷೆಯ ಮೇಲೆ ಪೆನ್ಸಿಲಿನಿಂದ ಗುರುತಿಸಿಕೊಂಡು ಒಂದು ಇಡೀ ರಾತ್ರಿ ಹುಡುಕಿದೆ, ಒಂದೂ ಸಿಗಲಿಲ್ಲ. ಮೋಡವಿರಲಿಲ್ಲ, ಕನ್ನಡಿಗಳ ಜೋಡಣೆಯೂ ಸರಿಯಿತ್ತು. ಡ್ರೈಯರ್ ಕೊಟ್ಟಿರುವ ಸ್ಥಾನಗಳು 1860ರವು ಎಂಬುದು ಮರುದಿನ ಮುನ್ನುಡಿಯನ್ನು ಓದಿದಾಗ ತಿಳಿಯಿತು. ಭೂಮಿಯ ಅಕ್ಷ ಬುಗುರಿಯಂತೆ ನಿಧಾನವಾಗಿ ತಿರುಗುವುದರಿಂದ ಸುಮಾರು 72 ವರ್ಷಕ್ಕೆ ಒಂದು ಡಿಗ್ರಿಯಷ್ಟು ವ್ಯತ್ಯಾಸ ಬರುತ್ತದೆ. 140 ವರ್ಷಗಳಲ್ಲಿ ಅದು ಹೆಚ್ಚುಕಡಿಮೆ ಎರಡು ಡಿಗ್ರಿ, ಅಂದರೆ ನಾಲ್ಕು ಹುಣ್ಣಿಮೆ ಚಂದ್ರರನ್ನು ಸಾಲಾಗಿ ಇಟ್ಟಷ್ಟು ದೂರ. ನನ್ನ ಐಪೀಸಿನ ನೋಟವಾದರೋ ಒಂದು ಡಿಗ್ರಿ. ಸಾಲದ್ದಕ್ಕೆ, ಅಲ್ಲಿ ಘಂಟಾವೃತ್ತಾಂಶದ (ಆಕಾಶದ ಅಕ್ಷಾಂಶದ) ಬದಲು ಉತ್ತರಧ್ರುವದಿಂದ ಇರುವ ದೂರವನ್ನು ಕೊಡಲಾಗಿದೆ. ಗಂಟೆ, ನಿಮಿಷಗಳಲ್ಲಿ ಅಳೆಯುವ ವಿಷುವದಂಶದ (ಆಕಾಶದ ರೇಖಾಂಶದ) ಕ್ರಮದಲ್ಲಿ ಜೋಡಿಸಿದ ಪಟ್ಟಿಯಾದರೂ, ಮೊದಲ ನಮೂದೇ ಈಗ ಸೊನ್ನೆಯಿಂದ 7 ನಿಮಿಷ ಮುಂದೆ ಸರಿದಿದೆ.

ಹಾಗಾದರೆ ತಿದ್ದಿದ ಆವೃತ್ತಿಯನ್ನೇ ಬಳಸಬಹುದಲ್ಲ ಎಂದು ಕೇಳಬಹುದು. ನಾನೂ ಹಾಗೆಯೇ ಮಾಡಿದೆ. 1973ರಲ್ಲಿ ಸುಲೆಂಟಿಕ್ ಮತ್ತು ಟಿಫ್ಟ್ ಹೊರತಂದ ಪರಿಷ್ಕೃತ ಪಟ್ಟಿಯು ಹಿಂದೆಯೇ ಪ್ರಕಟವಾಗಿದ್ದ ಹಲವು ತಿದ್ದುಪಡಿಗಳನ್ನು, ಸ್ವತಃ ಡ್ರೈಯರ್ ಮಾಡಿದ್ದವುಗಳನ್ನೂ, ಸೇರಿಸಿಕೊಳ್ಳಲಿಲ್ಲ. ಮೇಲಾಗಿ ಕೆಲವು ಹೊಸ ತಪ್ಪುಗಳನ್ನು ತಂದಿತು. ನಾನು ಹಣ ಕೊಟ್ಟು ಕೊಂಡ ತಂತ್ರಾಂಶವೊಂದು ಈ ಪಟ್ಟಿಯನ್ನೇ ಆಧರಿಸಿದ್ದರಿಂದ, ಸಿಂಹ ರಾಶಿಯಲ್ಲಿ ರಾಲ್ಫ್ ಕೋಪ್‌ಲ್ಯಾಂಡ್ 1874ರಲ್ಲಿ ಕಂಡ ಏಳು ಗೆಲಾಕ್ಸಿಗಳ ಗುಂಪನ್ನು ‘ಅಸ್ತಿತ್ವದಲ್ಲಿಲ್ಲ’ ಎಂದು ತೋರಿಸುತ್ತಿತ್ತು, ನಾನೂ ಅದನ್ನು ನಂಬಿದ್ದೆ. ಮೂರು ವರ್ಷಗಳ ನಂತರ ಮಿತ್ರರೊಬ್ಬರ 18 ಇಂಚಿನ ದೂರದರ್ಶಕದಲ್ಲಿ ಆ ಏಳರಲ್ಲಿ ನಾಲ್ಕನ್ನು ಬೂದಿ ಬಣ್ಣದ ಚುಕ್ಕೆಗಳಂತೆ ಕಂಡಾಗ, ನನ್ನ ವೀಕ್ಷಣಾ ಪುಸ್ತಕದಲ್ಲಿ ಎಳೆದಿದ್ದ ಅಡ್ಡಗೆರೆಯನ್ನು ಅಳಿಸಬೇಕಾಯಿತು. ತಂತ್ರಾಂಶದವರಿಗೆ ಬರೆದ ಪತ್ರಕ್ಕೆ ಉತ್ತರ ಬರಲಿಲ್ಲ.

ಇದಕ್ಕೆ ಹೋಲಿಸಿದರೆ ಡ್ರೈಯರ್ ಪಟ್ಟಿಯ ತಪ್ಪುಗಳ ಬಗ್ಗೆ ನನಗೆ ಒಂದು ಬಗೆಯ ಪ್ರೀತಿಯೇ ಇದೆ, ಏಕೆಂದರೆ ಅವು ಹೇಗೆ ಹುಟ್ಟಿದವೆಂದು ಐಪೀಸಿನಲ್ಲೇ ನೋಡಬಹುದು. ಪಾರ್ಥ ಪುಂಜದಲ್ಲಿರುವ ಮೆಸ್ಸಿಯೆ 76ಕ್ಕೆ 650 ಮತ್ತು 651 ಎಂಬ ಎರಡು ಸಂಖ್ಯೆಗಳಿವೆ. 120 ಪಟ್ಟು ವರ್ಧನೆಯಲ್ಲಿ ಅದನ್ನು ನೋಡಿದರೆ, ಒಂದಕ್ಕೊಂದು ತಾಗಿಕೊಂಡ ಎರಡು ಸಣ್ಣ ಮಬ್ಬುಗಳು. ಒಂದು ಸ್ವಲ್ಪ ಹೆಚ್ಚು ಪ್ರಕಾಶ, ನಡುವೆ ತೆಳುವಾದ ಸೊಂಟ. ವಿಲಿಯಂ ಹರ್ಷಲ್ ಅದನ್ನು ಎರಡು ನೀಹಾರಿಕೆಗಳೆಂದು ಬಗೆದದ್ದರಲ್ಲಿ ಆಶ್ಚರ್ಯವಿಲ್ಲ. ಅದು ಒಂದೇ ಗ್ರಹೀಯ ನೀಹಾರಿಕೆ, ಅಂದರೆ ಸಾಯುತ್ತಿರುವ ನಕ್ಷತ್ರ ಹೊರಚೆಲ್ಲಿದ ಅನಿಲದ ಮೋಡ, ಎಂದು ಮೊದಲೇ ತಿಳಿಯದಿದ್ದರೆ ನಾನೂ ಎರಡೆಂದೇ ಬರೆಯುತ್ತಿದ್ದೆ.

ಪೂರಕವಾಗಿ 1895 ಮತ್ತು 1908ರಲ್ಲಿ ಬಂದ ಎರಡು ಇಂಡೆಕ್ಸ್ ಕ್ಯಾಟಲಾಗ್‌ಗಳನ್ನು ಸಣ್ಣ ದೂರದರ್ಶಕವಿರುವವರಿಗೆ ನಾನು ಶಿಫಾರಸು ಮಾಡಲಾರೆ. ಛಾಯಾಚಿತ್ರಣ ಕಾಲಿಟ್ಟ ನಂತರದ ಆ 5,386 ನಮೂದುಗಳಲ್ಲಿ ಬಹಳಷ್ಟು ಕಣ್ಣಿಗೆ ನಿಲುಕುವಂಥವಲ್ಲ.

ಈಗಿನ ನನ್ನ ಕ್ರಮ ಹೀಗಿದೆ: ಸ್ಥಾನವನ್ನು 2000ನೇ ಇಸವಿಯ ನಕ್ಷೆಯಿಂದ, ಗುರುತಿನ ಬಗ್ಗೆ ಸಂಶಯವಿದ್ದರೆ ಇತ್ತೀಚಿನ ತಿದ್ದುಪಡಿಗಳಿಂದ, ವಿವರಣೆಯನ್ನು ಮಾತ್ರ 1888ರ ಪುಟದಿಂದ ತೆಗೆದುಕೊಂಡು ಒಂದೊಂದು ವಸ್ತುವಿಗೆ ಒಂದೊಂದು ಚೀಟಿ ಬರೆಯುತ್ತೇನೆ. ನಾನು ಕಂಡದ್ದನ್ನು ಅದೇ ಸಂಕ್ಷೇಪಾಕ್ಷರಗಳಲ್ಲಿ ಕೆಳಗಿನ ಸಾಲಿನಲ್ಲಿ ದಾಖಲಿಸುತ್ತೇನೆ. ಚೀಟಿಗಳ ಸಂಖ್ಯೆ 640 ದಾಟಿದೆ. ಎರಡೂ ಸಾಲುಗಳು ಅಕ್ಷರಶಃ ಹೊಂದುವ ಚೀಟಿಗಳು ಅವುಗಳಲ್ಲಿ ಹನ್ನೊಂದು.