ಎರಡೂವರೆ ವರ್ಷ, 21,300 ಕಿ.ಮೀ., ಎರಡು ಸಲ ಬಿದ್ದಿದ್ದು: ನನ್ನ ಎಲೆಕ್ಟ್ರಿಕ್ ಸ್ಕೂಟರ್

ಗಾಡಿ ತಗೊಂಡಿದ್ದು 2023ರ ಮೇ ಕೊನೆಯ ವಾರ. ಜೂನ್ 1ರಿಂದ ಸಬ್ಸಿಡಿ ಇಳಿಯುತ್ತದೆ, ಬೆಲೆ ಏರುತ್ತದೆ ಅಂತ ಶೋರೂಮ್‌ನಲ್ಲಿ ಜಾತ್ರೆ. ಟೆಸ್ಟ್ ರೈಡ್ ಸಿಕ್ಕಿದ್ದು ಹತ್ತೇ ನಿಮಿಷ, ಅದೂ ಶೋರೂಮ್ ಹಿಂದಿನ ಗಲ್ಲಿಯಲ್ಲಿ. ಸೇಲ್ಸ್ ಹುಡುಗ ಒಂದೇ ಉಸಿರಿನಲ್ಲಿ ಎಲ್ಲ ಒಪ್ಪಿಸಿದ. ಒಂದು ಚಾರ್ಜ್‌ಗೆ ಎಷ್ಟು ದೂರ, ಸೊನ್ನೆಯಿಂದ 40ಕ್ಕೆ ಎಷ್ಟು ಸೆಕೆಂಡ್, ಸ್ಕ್ರೀನ್‌ನಲ್ಲಿ ಮ್ಯಾಪ್ ಹೇಗೆ ಬರುತ್ತದೆ. ಇದನ್ನು ನಿಲ್ಲಿಸುವುದು ಹೇಗೆ ಅಂತ ಅವನೂ ಹೇಳಲಿಲ್ಲ, ನಾನೂ ಕೇಳಲಿಲ್ಲ. ಹದಿನಾಲ್ಕು ವರ್ಷ ಪೆಟ್ರೋಲ್ ಸ್ಕೂಟರ್ ಓಡಿಸಿದವಳು, ಅದನ್ನೇನು ಕೇಳುವುದು ಅಂದುಕೊಂಡೆ.

ಬ್ರ್ಯಾಂಡ್ ಯಾವುದು ಅಂತ ಬರೆಯುವುದಿಲ್ಲ. ಬರೆದರೆ ಓದುವವರು ಎರಡು ಪಾರ್ಟಿ ಆಗಿಬಿಡುತ್ತಾರೆ, ವಿಷಯ ಅಲ್ಲೇ ಕೆಡುತ್ತದೆ. ಮುಂದೆ ಡಿಸ್ಕ್ ಬ್ರೇಕ್, ಹಿಂದೆ ಡ್ರಮ್ ಬ್ರೇಕ್, 12 ಇಂಚಿನ ಚಕ್ರ, ಮನೆಮಂದಿಯೆಲ್ಲ ಓಡಿಸುವ ಥರದ ಮಾಮೂಲಿ ಗಾಡಿ. ನಮ್ಮ ಮನೆ ಬೆಂಗಳೂರಿನ ನಾಗರಬಾವಿಯಲ್ಲಿ. ಕೆಲಸ ಪೀಣ್ಯದ ಒಂದು ಫ್ಯಾಕ್ಟರಿಯ ಅಕೌಂಟ್ಸ್‌ನಲ್ಲಿ. ಸುಮನಹಳ್ಳಿ, ಲಗ್ಗೆರೆ, ಗೊರಗುಂಟೆಪಾಳ್ಯ ದಾಟಿ ಹೋಗಿ ಬಂದರೆ ದಿನಕ್ಕೆ 26 ಕಿ.ಮೀ. ಖರ್ಚಿನ ಲೆಕ್ಕ ಎಲ್ಲರೂ ಬರೆಯುತ್ತಾರೆ, ನಾನು ಬರೆಯುವುದಿಲ್ಲ. ದುಡ್ಡು ಉಳಿದಿದೆ, ಅಷ್ಟು ಸಾಕು. ನಾನು ಬರೆಯಬೇಕಿರುವುದು ಬಿದ್ದಿದ್ದರ ಬಗ್ಗೆ.

ಮೊದಲ ಸಲ ಬಿದ್ದಿದ್ದು ರಸ್ತೆಯಲ್ಲೇ ಅಲ್ಲ, ನಮ್ಮ ಗೇಟಿನ ಒಳಗೆ. ಗಾಡಿ ಬಂದು ಎರಡನೇ ವಾರ. ಬೆಳಿಗ್ಗೆ ಆನ್ ಮಾಡಿದ್ದೆ, ಅಷ್ಟರಲ್ಲಿ ಊಟದ ಡಬ್ಬಿ ಮರೆತಿದ್ದು ನೆನಪಾಯಿತು. ಅತ್ತೆ ತಂದುಕೊಟ್ಟರು. ಡಬ್ಬಿಯನ್ನು ಸೀಟಿನ ಕೆಳಗೆ ಇಟ್ಟು, ಸ್ಟ್ಯಾಂಡ್ ತೆಗೆದು, ಗಾಡಿ ಪಕ್ಕದಲ್ಲಿ ನಿಂತುಕೊಂಡೇ ರ‍್ಯಾಂಪ್ ಮೇಲೆ ತಳ್ಳಲು ಹೋದೆ. ತಳ್ಳುವಾಗ ಬಲಗೈ ಎಲ್ಲಿರುತ್ತದೆ? ಆಕ್ಸಿಲರೇಟರ್ ಮೇಲೆ. ಮಣಿಕಟ್ಟು ಒಂದು ಚೂರು ತಿರುಗಿತು. ಗಾಡಿ ನನ್ನನ್ನೂ ಎಳೆದುಕೊಂಡು ಗೇಟಿಗೆ ಗುದ್ದಿತು. ಗಾಬರಿಯಾದಾಗ ಕೈ ಬಿಡುವುದಿಲ್ಲ, ಇನ್ನೂ ಗಟ್ಟಿಯಾಗಿ ಹಿಡಿಯುತ್ತದೆ. ಹಾಗೆ ಹಿಡಿದಷ್ಟೂ ಅದು ನುಗ್ಗುತ್ತಲೇ ಇತ್ತು. ಮೊಣಕಾಲು ತರಚಿತು, ಮುಂದಿನ ಮಡ್‌ಗಾರ್ಡ್ ಸೀಳಿತು, ಗೇಟಿನ ಚಿಲಕ ಇವತ್ತಿಗೂ ಸೊಟ್ಟಗಿದೆ.

ಪೆಟ್ರೋಲ್ ಗಾಡಿಯಲ್ಲಿ ಎಂಜಿನ್ ಗುಡುಗುಡು ಅನ್ನುತ್ತಿರುತ್ತದೆ. ಹ್ಯಾಂಡಲ್ ಕೈಯಲ್ಲಿ ನಡುಗುತ್ತಿರುತ್ತದೆ. ಆನ್ ಆಗಿದೆ ಅಂತ ಮೈಗೇ ಗೊತ್ತಿರುತ್ತದೆ. ಇದರಲ್ಲಿ ಅದೇನೂ ಇಲ್ಲ, ಸ್ಕ್ರೀನ್ ಮೇಲೆ ಒಂದು ಪುಟ್ಟ ಗುರುತು ಅಷ್ಟೇ. ಬಿಸಿಲಿನಲ್ಲಿ ಅದೂ ಕಾಣುವುದಿಲ್ಲ. ಸ್ಟ್ಯಾಂಡ್ ಹಾಕಿದ್ದರೆ ಮೋಟಾರ್ ತಿರುಗುವುದಿಲ್ಲ, ನಿಜ. ಆದರೆ ತಳ್ಳುವಾಗ ಸ್ಟ್ಯಾಂಡ್ ತೆಗೆದೇ ತಾನೇ ತಳ್ಳುವುದು? ಈಗ ನಮ್ಮ ಮನೆಯಲ್ಲಿ ಒಂದು ಕಾನೂನು ಮಾಡಿದ್ದೇವೆ. ಸೀಟಿನಿಂದ ಇಳಿದರೆ ಆಫ್. ಅರ್ಧ ನಿಮಿಷಕ್ಕೆ ಇಳಿದರೂ ಆಫ್. ಮಕ್ಕಳಿರುವ ಮನೆಯಲ್ಲಂತೂ ಇದು ಬೇಕೇ ಬೇಕು. ಮುಂದೆ ನಿಂತ ಮಗು ಸುಮ್ನೆ ಹ್ಯಾಂಡಲ್ ಹಿಡಿದು ಆಡುತ್ತದೆ, ಅಲ್ವಾ?

ಸದ್ದಿಲ್ಲದ್ದಕ್ಕೆ ಇನ್ನೊಂದು ಮುಖ ಇದೆ. ನಮ್ಮ ರಸ್ತೆಯ ಜನ ಕಣ್ಣಿಗಿಂತ ಜಾಸ್ತಿ ಕಿವಿಯಿಂದ ರಸ್ತೆ ದಾಟುತ್ತಾರೆ. ಲಗ್ಗೆರೆ ಹತ್ತಿರ ಸರ್ವಿಸ್ ರೋಡಿನಲ್ಲಿ ಒಬ್ಬ ಅಜ್ಜ ಹೂವಿನ ಕವರ್ ಹಿಡಿದು ಸೀದಾ ನನ್ನ ಎದುರಿಗೆ ಇಳಿದುಬಿಟ್ಟರು. ನನ್ನ ಕಡೆ ತಿರುಗಿಯೂ ನೋಡಿರಲಿಲ್ಲ. ಬ್ರೇಕ್ ಹಿಡಿದೆ, ಒಂದು ಮೊಳದ ಅಂತರದಲ್ಲಿ ನಿಂತಿತು. "ಏನಮ್ಮಾ, ಸದ್ದೇ ಮಾಡ್ದೆ ಬರ್ತೀಯಲ್ಲ" ಅಂತ ಬೈದರು. ಅವರು ಹೇಳಿದ್ದು ಸರಿಯಾಗಿಯೇ ಇತ್ತು. ಬೀದಿನಾಯಿಗಳೂ ಅಷ್ಟೇ. ಹಳೇ ಗಾಡಿಯ ಸದ್ದಿಗೆ ದೂರದಿಂದಲೇ ಎದ್ದು ಜರುಗುತ್ತಿದ್ದವು. ಈಗ ಚಕ್ರ ಬಾಲದ ಹತ್ತಿರ ಬರುವ ತನಕ ಮಲಗಿರುತ್ತವೆ, ಆಮೇಲೆ ಒಮ್ಮೆಗೇ ಯಾವ ಕಡೆಗೆ ಬೇಕಾದರೂ ಜಿಗಿಯುತ್ತವೆ. ಗಲ್ಲಿಗಳಲ್ಲಿ ನಾನು 20 ದಾಟುವುದಿಲ್ಲ. ಮೊದಲೆಲ್ಲ ಹಾರ್ನ್ ಮಾಡುವವರನ್ನು ಬೈಯುತ್ತಿದ್ದೆ. ಈಗ ತಿರುವಿನಲ್ಲಿ ನಾನೇ ಒಂದು ಸಣ್ಣ ಪೀಂ ಹೊಡೆಯುತ್ತೇನೆ.

ಎರಡನೇ ಸಲ ಬಿದ್ದಿದ್ದು 2024ರ ಆಯುಧಪೂಜೆಗೆ. ಪೀಣ್ಯದಲ್ಲಿ ಆಯುಧಪೂಜೆ ಅಂದರೆ ಕೇಳಬೇಕಾ? ಲೇತ್ ಮಷೀನಿಗೂ ಹೂವಿನ ಹಾರ, ಫೋರ್ಕ್‌ಲಿಫ್ಟ್‌ಗೂ ಬಾಳೆಕಂದು. ನನ್ನ ಗಾಡಿಗೂ ಪೂಜೆ ಆಯಿತು, ಎರಡೂ ಚಕ್ರಕ್ಕೆ ನಿಂಬೆಹಣ್ಣು ಇಟ್ಟು ಹತ್ತಿಸಿದೆ. ಕಡ್ಲೆಪುರಿ ಪ್ಯಾಕೆಟ್ ಸೀಟಿನ ಕೆಳಗೆ ಹಾಕಿಕೊಂಡು ಹೊರಟೆ. ಎರಡನೇ ಕ್ರಾಸಿನ ತಿರುವಿನಲ್ಲಿ ಯಾರೋ ಬೂದುಗುಂಬಳಕಾಯಿ ಒಡೆದಿದ್ದರು. ಬಿಳಿ ತಿರುಳು, ಕುಂಕುಮ, ಅದರ ಮೇಲೆ ಲಾರಿ ಹೋಗಿ ರಸ್ತೆ ತುಂಬ ಪಾಯಸದ ಹಾಗೆ ಹರಡಿತ್ತು. ಕಂಡ ತಕ್ಷಣ ಆಕ್ಸಿಲರೇಟರ್ ಪೂರ್ತಿ ಬಿಟ್ಟೆ. ಪೆಟ್ರೋಲ್ ಗಾಡಿಯಾಗಿದ್ದರೆ ಅದು ಸರಿಯಾದ ಕೆಲಸ. ಬ್ರೇಕ್ ಮುಟ್ಟದೆ, ಹ್ಯಾಂಡಲ್ ನೇರ ಇಟ್ಟುಕೊಂಡು ಹಾಗೇ ಉರುಳಿಕೊಂಡು ದಾಟಬಹುದಿತ್ತು. ಈ ಗಾಡಿಯಲ್ಲಿ ಹಾಗಾಗಲಿಲ್ಲ. ಹಿಂದಿನ ಚಕ್ರ ಪಕ್ಕಕ್ಕೆ ಜಾರಿತು. ನಾನು ಎಡಗಡೆಗೆ ಮಲಗಿದೆ. ವೇಗ 20ರ ಆಸುಪಾಸು ಇದ್ದಿರಬೇಕು. ಮೊಣಕೈ ಊದಿಕೊಂಡಿತು, ಹೆಲ್ಮೆಟ್ ಟಪ್ ಅಂತ ನೆಲಕ್ಕೆ ಬಡಿಯಿತು. ಹಿಂದಿನಿಂದ ಬರುತ್ತಿದ್ದ ಟೆಂಪೋದವರು ನಿಲ್ಲಿಸಿ ಎಬ್ಬಿಸಿದರು. ಸೀಟು ತೆರೆದುಕೊಂಡು ಕಡ್ಲೆಪುರಿಯೆಲ್ಲ ಚೆಲ್ಲಿತ್ತು.

ಯಾಕೆ ಜಾರಿತು ಅಂತ ಅರ್ಥವಾಗಲು ನನಗೆ ಒಂದು ವಾರ ಬೇಕಾಯಿತು. ಈ ಗಾಡಿಗಳಲ್ಲಿ ಆಕ್ಸಿಲರೇಟರ್ ಬಿಟ್ಟರೆ ಮೋಟಾರ್ ಉಲ್ಟಾ ಕೆಲಸ ಶುರುಮಾಡುತ್ತದೆ. ಚಕ್ರದ ಓಟವನ್ನೇ ಕರೆಂಟ್ ಮಾಡಿ ಬ್ಯಾಟರಿಗೆ ಕಳಿಸುತ್ತದೆ, ಗಾಡಿ ನಿಧಾನವಾಗುತ್ತದೆ. ರೀಜನ್ ಅಂತಾರೆ. ಮೋಟಾರ್ ಇರುವುದು ಹಿಂದಿನ ಚಕ್ರಕ್ಕೆ. ಅಂದರೆ ನಾನು ಬ್ರೇಕ್ ಮುಟ್ಟಲಿಲ್ಲ ಅಂದುಕೊಂಡಿದ್ದಾಗಲೇ ಹಿಂದಿನ ಚಕ್ರಕ್ಕೆ ಬ್ರೇಕ್ ಬಿದ್ದಿತ್ತು, ಅದೂ ಕುಂಬಳಕಾಯಿ ತಿರುಳಿನ ಮೇಲೆ. ಅದಾದ ಮೇಲೆ ಸೆಟ್ಟಿಂಗ್‌ನಲ್ಲಿ ರೀಜನ್ ಕಡಿಮೆ ಮಾಡಿಕೊಂಡೆ. ಮಳೆ, ಮರಳು, ಮೆಟ್ರೋ ಕೆಲಸದ ಕಬ್ಬಿಣದ ತಗಡು ಕಂಡರೆ ಆಕ್ಸಿಲರೇಟರ್ ಒಮ್ಮೆಗೇ ಬಿಡುವುದಿಲ್ಲ. ಮುಂಚೆಯೇ ವೇಗ ಇಳಿಸಿಕೊಂಡು, ಚೂರೇ ಚೂರು ಹಿಡಿದುಕೊಂಡೇ ದಾಟುತ್ತೇನೆ.

ಈ ರೀಜನ್‌ನಲ್ಲಿ ಇನ್ನೊಂದು ತಮಾಷೆ ಇದೆ. ಬ್ಯಾಟರಿ ನೂರಕ್ಕೆ ನೂರು ತುಂಬಿದ್ದರೆ ಕರೆಂಟ್ ಹಾಕಲು ಜಾಗವೇ ಇರುವುದಿಲ್ಲ. ಆಗ ರೀಜನ್ ಕೆಲಸ ಮಾಡುವುದಿಲ್ಲ, ಮಾಡಿದರೂ ತೀರಾ ಕಡಿಮೆ. ರಾತ್ರಿ ಫುಲ್ ಚಾರ್ಜ್ ಮಾಡಿ ಬೆಳಿಗ್ಗೆ ಇಳಿಜಾರಿನಲ್ಲಿ ಹೊರಟರೆ ಗಾಡಿ ನಿನ್ನೆ ಸಂಜೆಯ ಹಾಗೆ ನಿಲ್ಲುವುದಿಲ್ಲ. ಅದೇ ಗಾಡಿ, ಅದೇ ಕೈ, ನಿಲ್ಲುವ ದೂರ ಮಾತ್ರ ಬೇರೆ. ಮೊದಲ ತಿಂಗಳು ಎಷ್ಟೋ ಬೆಳಿಗ್ಗೆ ಸಿಗ್ನಲ್‌ನಲ್ಲಿ ಜೀಬ್ರಾ ಗೆರೆ ದಾಟಿ ನಿಂತಿದ್ದೇನೆ. ನಿದ್ದೆಗಣ್ಣು ಅಂದುಕೊಂಡಿದ್ದೆ.

ಮಿಕ್ಕ ಹೊತ್ತು ರೀಜನ್ನೇ ಗಾಡಿ ನಿಧಾನ ಮಾಡುವುದರಿಂದ ಬ್ರೇಕ್ ಪ್ಯಾಡ್ ಅಷ್ಟಾಗಿ ಸವೆಯುವುದಿಲ್ಲ. ಕೇಳಲು ಚೆನ್ನಾಗಿದೆ, ಅಲ್ವಾ? ಆದರೆ ಬಳಸದ ಬ್ರೇಕ್ ತುಕ್ಕು ಹಿಡಿಯುತ್ತದೆ. ಎರಡನೇ ಮಳೆಗಾಲ ಮುಗಿಯುವ ಹೊತ್ತಿಗೆ ಎಡಗೈ ಲಿವರ್ ಹ್ಯಾಂಡಲ್ ಮುಟ್ಟುವಷ್ಟು ಒಳಗೆ ಬರುತ್ತಿತ್ತು. ಎಡಗೈ ಲಿವರ್ ಹಿಡಿದರೆ ಎರಡೂ ಚಕ್ರಕ್ಕೆ ಬ್ರೇಕ್ ಬೀಳಬೇಕು. 2019ರಿಂದ ಸಣ್ಣ ಗಾಡಿಗಳಿಗೆ ಈ ವ್ಯವಸ್ಥೆ, ಇಲ್ಲವೇ ಚಕ್ರ ಲಾಕ್ ಆಗದಂತೆ ತಡೆಯುವ ಎಬಿಎಸ್ ಇರಲೇಬೇಕು. ಸರ್ವಿಸ್ ಸೆಂಟರ್‌ಗೆ ಬಿಟ್ಟೆ. ವಾಪಸ್ ಕೊಡುವಾಗ ಬಿಲ್ ಜೊತೆ ಒಂದು ಪಟ್ಟಿ ಕೊಟ್ಟರು, ಬ್ರೇಕ್ ಎದುರು ಹಸಿರು ಟಿಕ್. ಲಿವರ್ ಹಿಡಿದು ನೋಡಿದರೆ ಮೊದಲಿದ್ದ ಹಾಗೇ ಇದೆ. "ಸಾಫ್ಟ್‌ವೇರ್ ಅಪ್‌ಡೇಟ್ ಆಗಿದೆ ಮೇಡಂ" ಅಂದ ಆ ಹುಡುಗ. ಸಾಫ್ಟ್‌ವೇರ್ ತಗೊಂಡು ನಾನೇನು ಮಾಡಲಿ?

ಕೊನೆಗೆ ನಮ್ಮ ಬೀದಿ ತುದಿಯ ಗ್ಯಾರೇಜಿಗೆ ಹೋದೆ. ಅಲ್ಲಿಯ ಅಣ್ಣ ಮೊದಲು ಎಲೆಕ್ಟ್ರಿಕ್ ಗಾಡಿ ಮುಟ್ಟುವುದಿಲ್ಲ ಅಂದರು. ಆಮೇಲೆ ಕುಕ್ಕರಗಾಲಲ್ಲಿ ಕೂತು ನೋಡಿ, "ಬ್ರೇಕ್‌ಗೇನು ಕರೆಂಟ್ ಇಲ್ವಲ್ಲಕ್ಕಾ" ಅಂತ ತಾವೇ ನಕ್ಕರು. ಮುಂದಿನ ಕ್ಯಾಲಿಪರ್‌ನ, ಅಂದರೆ ಡಿಸ್ಕನ್ನು ಅದುಮಿ ಹಿಡಿಯುವ ಭಾಗದ, ಪಿನ್ ಅಂಟಿಕೊಂಡಿತ್ತು. ಬಿಚ್ಚಿ, ಉಜ್ಜಿ, ಗ್ರೀಸ್ ಹಾಕಿ, ಹಿಂದಿನ ಡ್ರಮ್‌ನ ನಟ್ ನಾಲ್ಕು ಸುತ್ತು ಬಿಗಿ ಮಾಡಿದರು. 250 ರೂಪಾಯಿ. ಮರುದಿನ ಸಿಗ್ನಲ್‌ನಲ್ಲಿ ಗಾಡಿ ನಿಂತ ರೀತಿಗೆ ಮೂಗು ವೈಸರ್‌ಗೆ ತಾಗಿತು. ಈಗ ದಿನಕ್ಕೊಮ್ಮೆಯಾದರೂ ಖಾಲಿ ರಸ್ತೆಯಲ್ಲಿ ಎರಡೂ ಬ್ರೇಕ್ ಗಟ್ಟಿಯಾಗಿ ಹಿಡಿಯುತ್ತೇನೆ, ತುಕ್ಕು ಉಜ್ಜಿ ಹೋಗಲಿ ಅಂತ.

ಪಿಕಪ್ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಮೋಟಾರ್ ನಿಂತಲ್ಲಿಂದಲೇ ಪೂರ್ತಿ ಎಳೆತ ಕೊಡುತ್ತದೆ, ಸಿಗ್ನಲ್‌ನಲ್ಲಿ ಮಜಾ ಬರುತ್ತದೆ, ಮುಂದಿನವನ ಬಂಪರ್ ಬೇಗ ಬರುತ್ತದೆ. ನಾನು ಊರೊಳಗೆ ಪಿಕಪ್ ಕಡಿಮೆ ಇರುವ ಇಕೋ ಮೋಡ್ ಬಿಟ್ಟು ಬೇರೆ ಹಾಕುವುದಿಲ್ಲ. ಗಂಡ ಹಾಕುತ್ತಾರೆ, ಅದು ಬೇರೆ ಜಗಳ.

ಹೆದರಿದ್ದು ಮಾತ್ರ ಸುಮನಹಳ್ಳಿ ಫ್ಲೈಓವರ್ ಮೇಲೆ. ಅದು ಮೊದಲೇ ಹೆಸರಾದ ಜಾಗ, 2019ರಲ್ಲೊಮ್ಮೆ, 2022ರಲ್ಲೊಮ್ಮೆ ನಡುವೆ ತೂತು ಬಿದ್ದು ಸುದ್ದಿಯಾಗಿತ್ತು. ಒಂದು ರಾತ್ರಿ ಎಂಟೂವರೆಗೆ ಬರುವಾಗ ಚಾರ್ಜ್ ಶೇ. 11 ತೋರಿಸುತ್ತಿತ್ತು. ಮನೆಗೆ ಮೂರೇ ಕಿ.ಮೀ., ಸಾಕು ಅಂತ ಧೈರ್ಯ. ಏರಿನ ಮಧ್ಯೆ ಗಾಡಿ ಒಮ್ಮೆಗೇ ಸೋತಿತು. 45ರಲ್ಲಿದ್ದದ್ದು 25ಕ್ಕೆ ಇಳಿಯಿತು, ಎಷ್ಟು ತಿರುವಿದರೂ ಅಷ್ಟೇ. ಚಾರ್ಜ್ ಕಡಿಮೆಯಾದರೆ ಬ್ಯಾಟರಿ ಕಾಪಾಡಲು ಅದು ತಾನೇ ಶಕ್ತಿ ಕಡಿತ ಮಾಡುತ್ತದಂತೆ. ಬ್ಯಾಟರಿ ಕಾಪಾಡಿತು, ಹಿಂದಿದ್ದ ಟಿಪ್ಪರ್‌ನಿಂದ ನನ್ನನ್ನು ಕಾಪಾಡುವವರು ಯಾರು? ಎಡಗಡೆ ಗೋಡೆಗೆ ಅಂಟಿಕೊಂಡು ನಾಲ್ಕೂ ಇಂಡಿಕೇಟರ್ ಹಾಕಿ ತೆವಳಿದೆ. ಟಿಪ್ಪರ್ ಪಕ್ಕದಲ್ಲಿ ಹೋದಾಗ ಅದರ ಬಿಸಿ ಗಾಳಿ ಕಾಲಿಗೆ ತಾಗಿತು. ಅಂದಿನಿಂದ ಚಾರ್ಜ್ ಶೇ. 25ಕ್ಕೆ ಇಳಿದರೆ ನನಗೆ ಅದೇ ಸೊನ್ನೆ.

ಬೆಂಕಿಯ ಬಗ್ಗೆ ಎಲ್ಲರೂ ಕೇಳುತ್ತಾರೆ. ನಮ್ಮತ್ತೆಗೂ ಅದೇ ಭಯ. 2022ರ ಮಾರ್ಚ್‌ನಲ್ಲಿ ತಮಿಳುನಾಡಿನ ವೆಲ್ಲೂರಿನಲ್ಲಿ ಮನೆಯಲ್ಲಿ ಚಾರ್ಜ್‌ಗೆ ಹಾಕಿದ್ದ ಗಾಡಿ ಹತ್ತಿಕೊಂಡು, ಹೊಗೆಯಲ್ಲಿ ತಂದೆ ಮಗಳು ತೀರಿಕೊಂಡಿದ್ದನ್ನು ಟಿವಿಯಲ್ಲಿ ನೋಡಿದ್ದರು. ಆಮೇಲೆ ಸರ್ಕಾರ ಬ್ಯಾಟರಿ ಸುರಕ್ಷತೆಯ ಎಐಎಸ್-156 ನಿಯಮವನ್ನು ಬಿಗಿ ಮಾಡಿತು, 2022ರ ಡಿಸೆಂಬರ್‌ನಲ್ಲಿ ಮೊದಲ ಹಂತ, 2023ರ ಮಾರ್ಚ್ ಕೊನೆಗೆ ಎರಡನೆಯದು. ಹಳೇ ಗಾಡಿ ಸೆಕೆಂಡ್ ಹ್ಯಾಂಡ್ ತಗೊಳ್ಳುವವರು ತಯಾರಾದ ತಿಂಗಳು ನೋಡಿ. ನನ್ನ ಬ್ಯಾಟರಿ ಇವತ್ತಿನ ತನಕ ತೊಂದರೆ ಕೊಟ್ಟಿಲ್ಲ. ಕೊಟ್ಟಿದ್ದು ಎಕ್ಸ್‌ಟೆನ್ಷನ್ ಬಾಕ್ಸ್. ಪ್ಲಗ್ ಕರಗಿ ವಾಸನೆ ಬಂತು. ಎಲೆಕ್ಟ್ರಿಷಿಯನ್ ಕರೆಸಿ ಗೋಡೆಗೇ ಬೇರೆ ಸಾಕೆಟ್ ಹಾಕಿಸಿದೆವು, ಅರ್ತಿಂಗ್ ನೋಡಿಸಿದೆವು. ಜಾಗವನ್ನೂ ಮೆಟ್ಟಿಲ ಕೆಳಗಿನಿಂದ ಕಾಂಪೌಂಡ್ ಪಕ್ಕಕ್ಕೆ ಬದಲಾಯಿಸಿದೆವು. ಮೆಟ್ಟಿಲ ಬಾಯಲ್ಲಿ ಹೊಗೆ ಎದ್ದರೆ ಮೇಲಿನವರು ಇಳಿಯುವುದು ಹೇಗೆ? ರಾತ್ರಿ ಮಲಗಿದ ಮೇಲೆ ಚಾರ್ಜ್ ಮಾಡುವುದನ್ನೂ ಬಿಟ್ಟು, ಸಂಜೆ ಬಂದು ಗಾಡಿ ತಣ್ಣಗಾದ ಮೇಲೆ ಹಾಕುತ್ತೇವೆ.

ಹೆಲ್ಮೆಟ್ ವಿಷಯಕ್ಕೆ ಬಂದರೆ, ಕುಂಬಳಕಾಯಿ ದಿನ ನನ್ನ ತಲೆಯ ಮೇಲಿದ್ದದ್ದು ಐಎಸ್‌ಐ ಗುರುತಿನ ಫುಲ್ ಫೇಸ್. ಅದಕ್ಕೆ ಮೂರು ತಿಂಗಳು ಮುಂಚೆ ತಗೊಂಡಿದ್ದು. ಅಲ್ಲಿಯ ತನಕ ಫುಟ್‌ಪಾತ್‌ನ 300 ರೂಪಾಯಿ ಟೋಪಿ ಹಾಕಿಕೊಂಡು, 500 ರೂಪಾಯಿ ದಂಡ ಉಳಿಸುತ್ತಿದ್ದೆ. ಗೀರು ಬಿದ್ದಿದ್ದು ಕಿವಿಯಿಂದ ಗಲ್ಲದ ತನಕ. ಟೋಪಿ ಇದ್ದಿದ್ದರೆ ಅಲ್ಲಿ ಇರುತ್ತಿದ್ದದ್ದು ನನ್ನ ಕೆನ್ನೆ. ಕೇಂದ್ರ ರಸ್ತೆ ಸಾರಿಗೆ ಸಚಿವಾಲಯದ ಲೆಕ್ಕದಲ್ಲಿ 2022ರಲ್ಲಿ ದೇಶದ ರಸ್ತೆಗಳಲ್ಲಿ ಸತ್ತವರು 1,68,491. ಹೆಲ್ಮೆಟ್ ಹಾಕದೆ ಸತ್ತವರು 50,029, ಅದರಲ್ಲಿ 14,337 ಜನ ಹಿಂದೆ ಕೂತವರು. ಹಿಂದೆ ಕೂತವರು ಅಂದರೆ ನಮ್ಮನೆಯಲ್ಲಿ ಅತ್ತೆ. ಜುಟ್ಟಿಗೆ ಹೂವು ಮುಡಿದರೆ ಹೆಲ್ಮೆಟ್ ಬೇಡ ಅನ್ನುತ್ತಾರೆ. ಈಗ ದೇವಸ್ಥಾನದ ಹತ್ತಿರ ಇಳಿದು ಅಲ್ಲೇ ಹೂವು ಮುಡಿಯುವುದು ಅಂತ ರಾಜಿ ಆಗಿದೆ. ಬಿದ್ದ ಹೆಲ್ಮೆಟ್ ಮತ್ತೆ ಹಾಕಬಾರದು, ಒಳಗಿನ ಥರ್ಮಾಕೋಲ್ ಒಮ್ಮೆ ಅದುಮಿದರೆ ಮುಗಿಯಿತು. ನನ್ನದನ್ನು ಬೇರೆಯವರು ಹಾಕದಿರಲಿ ಅಂತ ಪಟ್ಟಿ ಕತ್ತರಿಸಿ ಬಿಸಾಡಿದೆ.

ಪಕ್ಕದ ಮನೆಯಲ್ಲಿ ಹದಿನಾರು ವರ್ಷದ ಹುಡುಗನಿಗೆ ಟ್ಯೂಷನ್‌ಗೆ ಅಂತ ಲೈಸೆನ್ಸ್ ಬೇಡದ ಸಣ್ಣ ಗಾಡಿ ಕೊಡಿಸಿದ್ದಾರೆ. 250 ವ್ಯಾಟ್, ಗಂಟೆಗೆ 25 ಕಿ.ಮೀ. ಒಳಗಿದ್ದು, ತೂಕವೂ ಮಿತಿಯೊಳಗಿದ್ದರೆ ಕಾನೂನಿನ ಪ್ರಕಾರ ಅದು ಮೋಟಾರು ವಾಹನವೇ ಅಲ್ಲ. ಆದರೆ ಅವನು ಒಮ್ಮೆ ನನ್ನ ಪಕ್ಕದಲ್ಲೇ 40ರಲ್ಲಿ ಬಂದ. ಕೇಳಿದರೆ, "ಒಂದು ವೈರ್ ತೆಗೆದ್ರೆ ಸಾಕು ಆಂಟಿ, ಅಂಗಡಿಯವರೇ ತೆಗೆದುಕೊಟ್ರು" ಅಂತ ನಕ್ಕ. ವೈರ್ ತೆಗೆದ ಕ್ಷಣ ಅದು ಲೈಸೆನ್ಸ್, ನಂಬರ್ ಪ್ಲೇಟ್, ಇನ್ಶೂರೆನ್ಸ್ ಎಲ್ಲ ಬೇಕಾದ ಗಾಡಿ, ಒಂದೂ ಇಲ್ಲ. ನಾಳೆ ಯಾರಿಗಾದರೂ ಗುದ್ದಿದರೆ ಅವರಪ್ಪ ಮನೆ ಮಾರಬೇಕು. ಅವರಮ್ಮನಿಗೆ ಹೇಳಿದೆ. ಎರಡು ವಾರ ನನ್ನ ಜೊತೆ ಮಾತು ಬಿಟ್ಟಿದ್ದರು. ಆ ಗಾಡಿ ಈಗ ಮೂಲೆಯಲ್ಲಿ ನಿಂತಿದೆ.

ಹಾಗಾದರೆ ತಗೊಳ್ಳಬಹುದಾ? ತಗೊಳ್ಳಿ. ನಾನು ವಾಪಸ್ ಪೆಟ್ರೋಲ್‌ಗೆ ಹೋಗುವುದಿಲ್ಲ. ಬ್ಯಾಟರಿ ಕಾಲಡಿಯಲ್ಲಿ ಇರುವುದರಿಂದ ಗಾಡಿ ನೆಲಕ್ಕೆ ಒತ್ತಿಕೊಂಡು ಓಡುತ್ತದೆ, ತಿರುವಿನಲ್ಲಿ ನನ್ನ ಹಳೇ ಸ್ಕೂಟರ್‌ಗಿಂತ ಗಟ್ಟಿ. ಸರ್ವಿಸ್‌ಗೆ ಐದಕ್ಕೆ ಎರಡು, ಗಾಡಿಗೆ ನಾಲ್ಕು.

ಹೋದ ತಿಂಗಳು ತಂಗಿ ತಗೊಂಡಳು. ಮೊದಲ ಭಾನುವಾರ ಬೆಳಿಗ್ಗೆ ಆರಕ್ಕೆ ಅವಳನ್ನು ಖಾಲಿ ಮೈದಾನಕ್ಕೆ ಕರೆದುಕೊಂಡು ಹೋದೆ. 30ರಲ್ಲಿ ಬಂದು ಇಟ್ಟಿಗೆಯ ಹತ್ತಿರ ನಿಲ್ಲಿಸು ಅಂದೆ. ಮೊದಲ ಸಲ ಇಟ್ಟಿಗೆ ದಾಟಿ ಎರಡು ಗಾಡಿಯುದ್ದ ಹೋದಳು. ಒಂಬತ್ತನೇ ಸಲ ಇಟ್ಟಿಗೆಯ ಹಿಂದೆ ನಿಂತಿತು. "ಅಕ್ಕಾ, ಸಾಕು, ಕೈ ನೋಯ್ತಿದೆ" ಅಂದಳು. ಇಳಿದು ನನ್ನ ಕಡೆ ಬರಲು ಹೊರಟವಳು, ನಾನು ಬಾಯಿ ತೆಗೆಯುವ ಮೊದಲೇ ತಿರುಗಿ ಹೋಗಿ ಗಾಡಿ ಆಫ್ ಮಾಡಿದಳು.